ಬಾಲದ ನಂಬರು

ನಮ್ಮೂರಿನಲ್ಲಿ ಕೈ ಮುರಿದುಕೊಂಡರೆ ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಕಾಲು ಮುರಿದರೆ ನೆರೆಹೊರೆಯವರು ಬಂದು ಮಾತಾಡಿಸಿ, ಚಹಾ ಕುಡಿದು, ತಮ್ಮ ಕಾಲು ಮುರಿದ ಕಥೆ ಹೇಳಿ ಹೋಗುತ್ತಾರೆ. ಕುತ್ತಿಗೆ ಮುರಿದಾಗ ಮಾತ್ರ ತಪ್ಪಿನ ಗಾಡಿ ಬರುತ್ತದೆ. ಯಾವುದರಿಂದ ಕುತ್ತಿಗೆ ಮುರಿಯಿತೋ ಅದನ್ನು ಕಿತ್ತು, ಇಲ್ಲವೇ ಕಡಿದು, ಇಲ್ಲವೇ ಹಗ್ಗ ಕಟ್ಟಿ ಎಳೆದು ಗಾಡಿಗೆ ಹೇರುತ್ತಾರೆ. ಹಲಗೆ ಬಾರಿಸುತ್ತ ಹೋಗಿ ಗಡಿಯ ಹಳ್ಳದಾಚೆ ಇಳಿಸಿ ಬರುತ್ತಾರೆ. ಮಾವಿನ ಮರವಾದರೆ ಮಾವಿನ ಮರ, ಎತ್ತಾದರೆ ಎತ್ತು. ಹಳ್ಳ ದಾಟಿದ್ದು ಮತ್ತೆ ಊರೊಳಗೆ ಬರುವ ಹಾಗಿಲ್ಲ.

ಗಾಡಿ ಯಾವ ಮನೆಗೆ ಹೋಗಿ ಏನನ್ನು ಹೇರಬೇಕು ಎಂದು ಹೇಳುವವಳು ನಾನು. ಆಸ್ಪತ್ರೆಯಲ್ಲಿ ಕೋಡಿಂಗ್ ಮಾಡುತ್ತೇನೆ, ಅಂದರೆ ಒಂದೊಂದು ಗಾಯಕ್ಕೂ ಪುಸ್ತಕ ನೋಡಿ ನಂಬರು ಬರೆಯುತ್ತೇನೆ. ತಂದೆತಾಯಿ ಇಟ್ಟ ಹೆಸರು ಸುಭದ್ರಾಬಾಯಿ, ಊರಿಗೆಲ್ಲ ನಾನು ನಂಬರ್ ಅಕ್ಕಾರು. ಎಕ್ಸ್‌ರೇ ನೋಡಿ ಡಾಕ್ಟರು ಮೂಳೆ ಹೇಳುತ್ತಾರೆ. ಕುತ್ತಿಗೆಯಲ್ಲಿ ಏಳು ಮೂಳೆ, ಒಂದೊಂದಕ್ಕೆ ಒಂದೊಂದು ನಂಬರು. ಮೂಳೆ ಜಾಗ ಬಿಟ್ಟು ಸರಿದಿದ್ದರೆ ಒಂದು ಅಂಕಿ, ಬರೀ ಬಿರುಕಾಗಿದ್ದರೆ ಇನ್ನೊಂದು. ಅದರ ಮುಂದೆ ಒಂದು ಅಕ್ಷರ: ಈ ಪೆಟ್ಟಿಗಾಗಿ ಮೊದಲ ಸಲ ಬಂದದ್ದೋ, ವಾಸಿಯಾಗುತ್ತಿರುವಾಗ ತೋರಿಸಲು ಬಂದದ್ದೋ, ಕೂಡದ ಮೂಳೆ ಹೊತ್ತುಕೊಂಡು ಬಂದದ್ದೋ ಎಂದು. ಇಷ್ಟಾದ ಮೇಲೆ ಕೊನೆಗೆ ಬಾಲ. ‘ಹೆಂಗಾತು?’ ಎಂದು ನಾನು ಕೇಳುತ್ತೇನೆ, ಅವರು ಹೇಳಿದ್ದೇ ಬಾಲದ ನಂಬರು. ನಿಚ್ಚಣಿಕೆಯಿಂದ ಬಿದ್ದರೆ ಒಂದು, ಮಂಚದಿಂದ ಬಿದ್ದರೆ ಒಂದು, ದನ ಹಾಯ್ದರೆ ಒಂದು, ನಮ್ಮ ಪುಸ್ತಕದಲ್ಲಿ ಇಲ್ಲದ ಬಾಲವೇ ಇಲ್ಲ. ಬಾಲವಿಲ್ಲದ ನಂಬರಿಗೆ ಆಸ್ಪತ್ರೆಯವರು ಹಾಸಿಗೆ ಕೊಡುವುದಿಲ್ಲ, ಕುತ್ತಿಗೆಗೆ ಪಟ್ಟಿ ಹಾಕುವುದಿಲ್ಲ. ಎಷ್ಟೇ ನರಳಿದರೂ ಜಗಲಿಯ ಮೇಲೇ ಕೂತಿರಬೇಕು.

ಇಲ್ಲಿ ಹುಟ್ಟಿದವರು ಇದಕ್ಕೆ ತಕ್ಕ ಹಾಗೆ ಬದುಕುವುದನ್ನೂ ಕಲಿತಿದ್ದಾರೆ. ಶಾಲೆಯ ಮೆಟ್ಟಿಲುಗಳು ನಮ್ಮಜ್ಜಿಯ ಕಾಲದಲ್ಲೇ ಹಳ್ಳ ದಾಟಿದ್ದರಿಂದ ಮಾಸ್ತರರು ಇಂದಿಗೂ ಧೋತರದ ಚುಂಗು ಹಿಡಿದುಕೊಂಡು ಮಣ್ಣಿನ ಇಳಿಜಾರು ಹತ್ತಿ ಒಳಗೆ ಹೋಗುತ್ತಾರೆ. ಎಷ್ಟೋ ಮನೆಗಳ ಹಿತ್ತಲಲ್ಲಿ ಕಾಲು ಮುರಿದ ಒಂದು ಸ್ಟೂಲು ಇರುತ್ತದೆ. ಕೂರುವುದಕ್ಕಲ್ಲ, ಯಾರದಾದರೂ ಕುತ್ತಿಗೆ ಮುರಿದರೆ ಇದರಿಂದಲೇ ಬಿದ್ದದ್ದು ಎಂದು ತೋರಿಸುವುದಕ್ಕೆ. ಗಾಣದ ಓಣಿಯ ಮುದುಕಪ್ಪನಿಗೆ ಅವನ ಎತ್ತೇ ಹಾಯ್ದು ಕುತ್ತಿಗೆ ಬಿರುಕು ಬಿಟ್ಟಿತು. ಎತ್ತೆಂದರೆ ಅವನಿಗೆ ಪ್ರಾಣ. “ಮಾಳಿಗಿಯಿಂದ ಬಿದ್ದೇನ್ರೀ ಅಕ್ಕಾರ, ಮಾಳಿಗಿ ಅಂತನ ಬರೀರಿ” ಎಂದು ಕೈಮುಗಿದು ಅತ್ತ. ಬರೆದೆ. ಗಾಡಿಯವರು ಬಂದು ಮಾಳಿಗೆ ಬಿಚ್ಚಿಕೊಂಡು ಹೋದರು. ಆ ಮಳೆಗಾಲವಿಡೀ ಮುದುಕಪ್ಪ ಎತ್ತಿನ ಪಕ್ಕದಲ್ಲಿ ಕೊಡೆ ಹಿಡಿದುಕೊಂಡು ಮಲಗಿದ. ನಾವೆಲ್ಲ ಅದನ್ನು ಹೇಳಿಕೊಂಡು ಹೊಟ್ಟೆ ತುಂಬ ನಕ್ಕೆವು. ಸುಳ್ಳು ಬಾಲ ಹೇಳುವುದನ್ನು ನಮ್ಮೂರಲ್ಲಿ ಸುಳ್ಳು ಅನ್ನುವುದಿಲ್ಲ, ಮರ್ಯಾದೆ ಅನ್ನುತ್ತಾರೆ.

ಕಾಶವ್ವ ಮೊದಲ ಸಲ ಬಂದಾಗಲೂ ಹೇಳಿದ್ದನ್ನೇ ಬರೆದೆ. ಅವಳು ಪೇಟೆಯಲ್ಲಿ ಗಡಿಯಾರ ರಿಪೇರಿ ಮಾಡುವ ಅಡಿವೆಪ್ಪನ ಹೆಂಡತಿ. ಅಡಿವೆಪ್ಪನ ಬಗ್ಗೆ ಊರಲ್ಲಿ ಯಾರನ್ನೇ ಕೇಳಿ, ಬಂಗಾರದಂಥ ಮನುಷ್ಯ ಎನ್ನುತ್ತಾರೆ. ಅವನು ದನಿ ಏರಿಸಿದ್ದನ್ನು ಕೇಳಿದವರಿಲ್ಲ. ಎಳ್ಳುಕಾಳಿನಷ್ಟು ತಿರುಪನ್ನು ಚಿಮುಟದಲ್ಲಿ ಎತ್ತಿ ಅದರ ಜಾಗಕ್ಕೆ ಕೂರಿಸುವ ಕೈ ಅವನದು. ಆ ದಿನ ಹೆಂಡತಿಯ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಟಾಂಗಾದಲ್ಲಿ ಬಂದ. “ನಿಚ್ಚಣಿಕಿಯಿಂದ ಬಿದ್ದಳ್ರೀ ಅಕ್ಕಾರ, ಎಷ್ಟ ಹೇಳಿದ್ರೂ ಕೇಳೂದಿಲ್ಲ, ಹತ್ತತಾಳ” ಎಂದು ಕಣ್ಣೀರು ಹಾಕಿದ. ಅವನ ಹಿಂದೆ ಅವರ ಮಗಳು ಚಂಪಿ ತಾಯಿಯ ಚಪ್ಪಲಿ ಹಿಡಿದುಕೊಂಡು ನಿಂತಿದ್ದಳು. ಆರನೇ ಮೂಳೆ, ಬಿರುಕು, ಮೊದಲ ಸಲ, ಬಾಲಕ್ಕೆ ನಿಚ್ಚಣಿಕೆ. ಗಾಡಿ ಬಂದು ನಿಚ್ಚಣಿಕೆ ಹೊತ್ತುಕೊಂಡು ಹೋಯಿತು.

ಆಮೇಲೆ ಅವಳು ಅಟ್ಟದಿಂದ ಬಿದ್ದಳು, ಅಟ್ಟ ಹೋಯಿತು. ತೂಗುಮಂಚದಿಂದ ಬಿದ್ದಳು, ಅಡಿವೆಪ್ಪನ ತಾಯಿಯ ಕಾಲದ ತೂಗುಮಂಚವನ್ನು ಸರಪಳಿ ಸಮೇತ ಬಿಚ್ಚಿಕೊಂಡು ಹೋದರು. ಮನೆಯ ಮುಂದಿನ ಬೇವಿನ ಮರದಿಂದ ಬಿದ್ದಳು ಎಂದಾಗ ನನಗೆ ಮೈಯೆಲ್ಲ ಉರಿಯಿತು. ಮೂರು ಸಲ ಕುತ್ತಿಗೆ ಮುರಿದುಕೊಂಡ ಹೆಂಗಸು ಯಾವ ಕರ್ಮಕ್ಕೆ ಬೇವಿನ ಮರ ಹತ್ತಿದಳು? “ಸೊಪ್ಪಿಗೆ ಹತ್ತಿದ್ದಳ್ರೀ” ಎಂದ ಅಡಿವೆಪ್ಪ, ತಣ್ಣಗೆ. ಅವಳ ಕುತ್ತಿಗೆಯ ಒಂದು ಬದಿಗೆ ನಾಲ್ಕು ಕಪ್ಪು ಕಲೆ, ಇನ್ನೊಂದು ಬದಿಗೆ ಒಂದು. ಮರಕ್ಕೆ ಬೆರಳು ಇರುವುದಿಲ್ಲ ಎಂದು ತಿಳಿಯಲು ಡಾಕ್ಟರಿಕೆ ಓದಬೇಕಾಗಿಲ್ಲ. ಡಾಕ್ಟರು ನೋಡಿದರು, ಮೂಳೆಯ ನಂಬರು ಹೇಳಿದರು, ಆಮೇಲೆ ಕಿಟಕಿಯಿಂದ ಹೊರಗೆ ನೋಡುತ್ತ ನಿಂತರು.

ನೆರಳು ಕೊಡುತ್ತಿದ್ದ ಮರ ಹೋದದ್ದಕ್ಕೆ ಓಣಿಯ ಜನ ಅಡಿವೆಪ್ಪನಿಗಾಗಿ ಮರುಗಿದರು. ನೀರಿನ ನಲ್ಲಿಯ ಹತ್ತಿರ ಅದೇ ಮಾತು. “ಪಾಪ, ಎಂಥಾ ಮನಿ ಇತ್ತು ಅವಂದು. ಒಂದೊಂದ ಸಾಮಾನ ಹೊಂಟಾವ ನೋಡ್ರಿ. ಇನ್ನೊಬ್ಬ ಆಗಿದ್ರ ಇಂಥಾ ಹೆಂಡ್ತೀನ ತವರಿಗೆ ಅಟ್ಟತಿದ್ದ” ಎಂದರು ಹೆಂಗಸರು. ಗಂಡಸರು ಅವನ ಅಂಗಡಿಯ ಮುಂದೆ ನಿಂತು, ನಿನ್ನ ತಾಳ್ಮೆಗೆ ಕೈಮುಗಿಯಬೇಕಪಾ ಎಂದರು. ಅವರಿಗೂ ಗೊತ್ತಿತ್ತು. ಗೊತ್ತಿಲ್ಲದವರು ಯಾರೂ ಇರಲಿಲ್ಲ. ಗೋಡೆಗೆ ಗೋಡೆ ಅಂಟಿಕೊಂಡ ಮನೆಗಳು, ಒಬ್ಬರ ಮನೆಯ ಒಗ್ಗರಣೆ ಇನ್ನೊಬ್ಬರಿಗೆ ಕೇಳಿಸುತ್ತದೆ.

ಕಾಶವ್ವ ಮತ್ತೊಮ್ಮೆ ಬಂದಳು, ಈ ಸಲ ಹೊಸ್ತಿಲು ಎಡವಿ ಬಿದ್ದದ್ದಂತೆ. ಅಡಿವೆಪ್ಪನನ್ನು ಔಷಧಿ ತರಲು ಅಟ್ಟಿ ನಾನು ಅವಳ ಮಗ್ಗುಲಲ್ಲಿ ಕೂತೆ. “ತಂಗೀ, ನಾ ಒಬ್ಬಾಕೀನ ಇದ್ದೇನಿ. ಖರೇ ಹೇಳು. ಪುಸ್ತಕದಾಗ ಮನಷ್ಯಾನ ಕೈಗೂ ಒಂದ ಬಾಲ ಐತಿ. ಯಾರೂ ಇನ್ನೂ ಬರೆದಿಲ್ಲ, ಆದ್ರ ಐತಿ” ಎಂದೆ.

ಅವಳು ಸೂರು ನೋಡುತ್ತ ಮಲಗಿದ್ದಳು. ತಿರುಗಲು ಆಗುತ್ತಿರಲಿಲ್ಲ. “ಹೊಸ್ತಿಲ ಬರೀರಿ ಅಕ್ಕಾರ” ಎಂದಳು.

“ಎಷ್ಟ ದಿನಾ ಹಿಂಗ?”

“ಮನಿಯೊಳಗ ಇನ್ನೂ ಸಾಮಾನ ಅದಾವ್ರೀ. ಮಂಚ ಐತಿ. ಬೀಸೂಕಲ್ಲು ಐತಿ. ಅವೆಲ್ಲಾ ಇರೂತನಕಾ ಅವನ್ನ ಹೇಳತೇನಿ. ಅವನ ಹೆಸರ ಹೇಳಿದ್ರ ಗಾಡಿ ಬರತೈತೋ ಇಲ್ಲೋ ಯಾರ ಕಂಡಾರ? ಬರಲಿಲ್ಲ ಅಂದ್ರ ಅದ ಮನಿಗೆ ನಾ ಹೋಗಬೇಕಲ್ರೀ. ಚಂಪಿ ಅಲ್ಲೇ ಅದಾಳ.”

ಹೊಸ್ತಿಲು ಎಂದು ಬರೆದೆ. ಮರುದಿನ ಗಾಡಿಯವರು ಹಾರೆ ಹಾಕಿ ಹೊಸ್ತಿಲು ಎಬ್ಬಿಸುವಾಗ ನಾನೂ ಹೋಗಿದ್ದೆ. ಅದರ ಮೇಲೆ ಅವಳೇ ಬೆಳಿಗ್ಗೆ ಇಟ್ಟಿದ್ದ ಅರಿಸಿನ ಕುಂಕುಮ ಇನ್ನೂ ಹಸಿಯಾಗಿತ್ತು, ಆಸ್ಪತ್ರೆಯಿಂದ ಬಂದವಳೇ ಪಟ್ಟಿ ಕಟ್ಟಿದ ಕುತ್ತಿಗೆಯಲ್ಲಿ ಕೂತು ಕೊನೆಯ ಪೂಜೆ ಮಾಡಿದ್ದಳು. ಹೊಸ್ತಿಲು ಇಲ್ಲದ ಮನೆಗೆ ನಾಯಿ ಕೋಳಿ ಎಲ್ಲ ಸೀದಾ ಒಳಗೆ ನುಗ್ಗತೊಡಗಿದವು. ಆಮೇಲೆ ಮಂಚವೂ ಹೋಯಿತು, ಬೀಸುವ ಕಲ್ಲೂ ಹೋಯಿತು. ಬೀಸುವ ಕಲ್ಲಿನಿಂದ ಯಾರಾದರೂ ಬೀಳುತ್ತಾರೆಯೇ ಎಂದು ಗಾಡಿಯವರು ಕೂಡ ಕೇಳಲಿಲ್ಲ.

ಕೊನೆಯ ಸಲ ಅವಳನ್ನು ಬಾಗಿಲ ಹಲಗೆಯ ಮೇಲೆ ಮಲಗಿಸಿಕೊಂಡು ನಾಲ್ಕು ಜನ ಹೊತ್ತು ತಂದರು. ಮಟಮಟ ಮಧ್ಯಾಹ್ನ. ಎರಡನೇ ಮೂಳೆ, ಜಾಗ ಬಿಟ್ಟು ಸರಿದಿತ್ತು. ಡಾಕ್ಟರ ಮುಖ ಬಿಳಿಚಿಕೊಂಡಿತು, “ಇನ್ನ ಒಂದ ಬೆರಳಷ್ಟು ಸರದಿದ್ರ ಉಸರೇ ಇರತಿದ್ದಿಲ್ಲ” ಎಂದರು. ನಾನು ಹೊರಗೆ ಬಂದು ಅಡಿವೆಪ್ಪನನ್ನು ಕೇಳಿದೆ, ಹೆಂಗಾತು ಎಂದು.

“ಖಾಲಿ ಜಾಗಾದಾಗ ಬಿದ್ದಳ್ರೀ ಅಕ್ಕಾರ. ಮನಿ ನಡುವ ಸುಮ್ನ ನಿಂತಿದ್ದಳು. ನಿಂತಾಕಿ ನಿಂತಂಗ ಬಿದ್ದಳು” ಎಂದ. ಅವನ ಅಂಗಿಯ ಗುಂಡಿ ಒಂದು ಕಿತ್ತುಹೋಗಿತ್ತು. ಆ ಜಾಗವನ್ನು ಅವನು ಎಡಗೈಯಲ್ಲಿ ಮುಚ್ಚಿಕೊಂಡಿದ್ದ.

ನಾನು ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ. ಕಾಶವ್ವನ ತಲೆಯ ಎರಡೂ ಬದಿಗೆ ಮರಳಿನ ಚೀಲ ಇಟ್ಟಿದ್ದರು. ಅವಳೇ ಮಾತಾಡಿದಳು.

“ಮನಿಯೊಳಗ ಇನ್ನ ಏನೂ ಉಳದಿಲ್ಲ ಅಕ್ಕಾರ. ಬರೇ ನೆಲ ಐತಿ. ನೆಲ ಅಂತ ಹೇಳಿದ್ರ ಅದನ್ನೂ ಅಗದ ಒಯ್ತಾರ. ಆಮ್ಯಾಲ ನಾವು ಎಲ್ಲಿ ನಿಂದರೂದು? ಅದಕ್ಕ ಇನ್ನ ಖರೇನ ಹೇಳಬೇಕಾತು. ಅವನ ಕೈ ಬರೀರಿ. ಅವನ್ನ ಒಯ್ಲಿ. ನಾನೂ ನನ್ನ ಮಗಳೂ ಬರೇ ನೆಲದ ಮ್ಯಾಲ ಇರತೇವಿ, ಅಷ್ಟ ಸಾಕು.”

ಪುಸ್ತಕದ ಕೊನೆಯ ಭಾಗದ ಆ ಹಾಳೆಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಉಗುರು ಹಾಕಿ ಬಿಡಿಸಿದೆ. ಬರೆಯುವಾಗ, ಸುಳ್ಳೇಕೆ ಹೇಳಲಿ, ನನಗೆ ಖುಷಿಯಾಗಿತ್ತು. ಮೂಳೆ ಎರಡು, ಸರಿದದ್ದು, ಈ ಪೆಟ್ಟಿಗಾಗಿ ಮೊದಲ ಸಲ, ಬಾಲಕ್ಕೆ ಮನೆಯ ಮನುಷ್ಯನ ಕೈ. ಹೊರಗೆ ತಂದು ಎಲ್ಲರ ಎದುರಿಗೆ ಗಟ್ಟಿಯಾಗಿ ಓದಿದೆ. ಅಡಿವೆಪ್ಪ ಗುಂಡಿಯ ಜಾಗದಿಂದ ಕೈ ತೆಗೆದ. ಹಲಗೆ ಹೊತ್ತು ತಂದವರು ಒಬ್ಬರ ಮುಖ ಒಬ್ಬರು ನೋಡಿಕೊಂಡು ಮೆಲ್ಲಗೆ ಜಾಗ ಖಾಲಿ ಮಾಡಿದರು.

ಮರುದಿನ ಬೆಳಿಗ್ಗೆ ಆಸ್ಪತ್ರೆಯ ಅಂಗಳದಲ್ಲಿ ದೈವ ಕೂಡಿತು. ಊರ ಹಿರಿಯರ ಕೂಟಕ್ಕೆ ನಾವು ದೈವ ಎನ್ನುತ್ತೇವೆ. ನಡುವೆ ಸೋಮನಗೌಡರು, ಎಲ್ಲರಿಗಿಂತ ಹಿರಿಯರು, ಮಾತಿಗೆ ಮೊದಲು ಮೂರು ಸಲ ಕೆಮ್ಮುವವರು. ಗಾಡಿಯವರು ಎತ್ತುಗಳನ್ನು ಹೂಡಿಕೊಂಡು ಬಂದಿದ್ದರು. ಕೊಡಲಿ ತರಬೇಕೋ ಹಗ್ಗ ತರಬೇಕೋ ಗೊತ್ತಾಗದೆ ಎರಡನ್ನೂ ತಂದಿದ್ದರು. ಊರಿಗೆ ಊರೇ ನೆರೆದಿತ್ತು. ಅಡಿವೆಪ್ಪ ಒಗೆದ ಬಟ್ಟೆ ಹಾಕಿಕೊಂಡು, ಮಗಳ ಕೈ ಹಿಡಿದುಕೊಂಡು ಒಂದು ಕಡೆ ನಿಂತಿದ್ದ.

“ನಂಬರ ಬರದ ಮ್ಯಾಲ ಗಾಡಿ ಹೋಗಾಕಬೇಕು. ಅದರೊಳಗ ಎರಡ ಮಾತಿಲ್ಲ” ಎಂದರು ಗೌಡರು. ನನ್ನ ಜೀವ ನಿರಾಳವಾಯಿತು. “ಆದ್ರ ಯಾರನ್ನ ಒಯ್ಬೇಕು?”

“ಯಾರನ್ನ ಅಂದ್ರ ಏನ್ರೀ ಗೌಡ್ರ?” ಎಂದೆ ನಾನು. “ಅಡಿವೆಪ್ಪನ್ನ. ಆಕಿ ಬಾಯಿಲೇ ಹೇಳ್ಯಾಳ, ನಾ ಕೇಳೇನಿ.”

“ಅಕ್ಕಾರ, ನೀವು ನಂಬರ ಬರಿಯೋರು. ಹೆಸರ ಬರಿಯೋರಲ್ಲ. ನಂಬರಿನ್ಯಾಗ ಮನಿ ಮನಷ್ಯಾ ಅಂತೈತಿ. ಆ ಮನಿಯೊಳಗ ಅಂವನೂ ಅದಾನ, ಆಕಿನೂ ಅದಾಳ.”

“ತನ್ನ ಕುತ್ತಿಗಿ ತಾನ ಹಿಂಗ ಯಾರರೇ ಮುರಕೋತಾರೇನ್ರೀ? ಬೆರಳು ಮೂಡ್ಯಾವ, ಬಂದ ನೋಡ್ರಿ! ಡಾಕ್ಟರ್ ಸಾಹೇಬ್ರ, ನೀವರೇ ಒಂದ ಮಾತ ಹೇಳ್ರಿ!”

ಡಾಕ್ಟರು ಎಲ್ಲರನ್ನೂ ಒಮ್ಮೆ ನೋಡಿದರು. “ಆಕಿನ್ನ ಎಬ್ಬಿಸಬಾರದು. ನಾ ಹೇಳೂದು ಅಷ್ಟ” ಎಂದು ಒಳಗೆ ಹೋದರು.

ಗೌಡರಿಗೆ ಸಿಟ್ಟು ಬರಲಿಲ್ಲ. ಸಿಟ್ಟು ಬಂದಿದ್ದರೆ ನಾನೂ ಜಗಳಕ್ಕೆ ನಿಲ್ಲುತ್ತಿದ್ದೆ. ಅವರು ಮೆಲ್ಲಗೆ, ಸಣ್ಣ ಹುಡುಗಿಗೆ ತಿಳಿಹೇಳುವಂತೆ ಹೇಳಿದರು. “ಗಾಡಿ ಇರೂದು ಯಾಕವಾ? ಒಮ್ಮೆ ಮುರದ ಮನಿಯೊಳಗ ಇನ್ನೊಮ್ಮೆ ಮುರೀಬಾರದು ಅಂತ. ಹೌದಲ್ಲೋ? ಈಗ ವಿಚಾರ ಮಾಡ್ರಿ. ನಿಚ್ಚಣಿಕಿ ಒಯ್ದಿವಿ, ಮತ್ತ ಮುರೀತು. ಮರ ಒಯ್ದಿವಿ, ಮತ್ತ ಮುರೀತು. ಹೊಸ್ತಿಲ, ಮಂಚ, ಕಲ್ಲು, ಏನೇನೂ ಬಿಡಲಿಲ್ಲ. ಎಲ್ಲಾ ಹೋತು, ಮುರಿಯೂದು ಹೋಗಲಿಲ್ಲ. ಪ್ರತಿ ಸಲ ಅಲ್ಲಿ ಇದ್ದಾಕಿ ಯಾರು? ಕಾಶವ್ವ. ಮುರದದ್ದು ಯಾರದು? ಆಕೀದು. ಅಡಿವೆಪ್ಪನ್ನ ಒಯ್ದರ ಆಕಿ ನಾಳೆ ಇನ್ನೆಲ್ಲೋ ಬೀಳತಾಳ. ಆಕೀನ್ನ ಒಯ್ದರ ಆ ಮನಿಯೊಳಗ ಮುರಿಯಾಕ ಕುತ್ತಿಗೀನ ಇರೂದಿಲ್ಲ. ತಪ್ಪಿನ ಮೂಲ ಎಲ್ಲೈತಿ ಅಂತ ನೀವ ಹೇಳ್ರಿ.”

ನೆರೆದವರೆಲ್ಲ ದೊಡ್ಡದಾಗಿ ಉಸಿರು ಬಿಟ್ಟರು. ಎಷ್ಟು ಹೊತ್ತಿನಿಂದ ಆ ಉಸಿರನ್ನು ಹಿಡಿದುಕೊಂಡಿದ್ದರೋ ಏನೋ. ಹೌದು ಹೌದು, ಗೌಡರು ಹೇಳುವುದು ಖರೇ ಐತಿ ಎಂದು ಗೋಣು ಹಾಕಿದರು. ಮುದುಕಪ್ಪ ಕೂಡ ಹಾಕಿದ. ನೀರಿನ ನಲ್ಲಿಯ ಹತ್ತಿರ ನಿಂತು ಮಾತಾಡುವ ಹೆಂಗಸರು, ತಮ್ಮ ತಮ್ಮ ಕುತ್ತಿಗೆಯ ಮೇಲೆ ಸೆರಗು ಸರಿಮಾಡಿಕೊಂಡು ಗೋಣು ಹಾಕಿದರು. ನನ್ನ ಬಾಯಿಗೆ ಬಂದದ್ದನ್ನೆಲ್ಲ ಅಂದೆ. ನಿಮ್ಮ ಮನಿ ಹಾಳಾಗ, ನಿಮ್ಮ ಹೊಟ್ಯಾಗ ಹೆಣ್ಣು ಹುಟ್ಟಿಲ್ಲೇನು ಎಂದು ಕೂಗಿದೆ. ನೊಗ ಹಿಡಿದು ಎತ್ತುಗಳ ಮುಂದೆ ನಿಂತೆ. ಇಬ್ಬರು ಬಂದು, ಬಹಳ ಮರ್ಯಾದೆಯಿಂದ, ಬರ್ರಿ ಅಕ್ಕಾರ ಬರ್ರಿ ಎನ್ನುತ್ತಲೇ ನನ್ನ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದರು.

ಅವಳನ್ನು ಅದೇ ಹಲಗೆಯ ಮೇಲೆ, ಅದೇ ಮರಳಿನ ಚೀಲಗಳ ನಡುವೆ ಗಾಡಿಗೆ ಏರಿಸಿದರು. ಎಬ್ಬಿಸಬಾರದೆಂದು ಡಾಕ್ಟರು ಹೇಳಿದ್ದನ್ನು ಪಾಲಿಸಿದರು, ಎಬ್ಬಿಸಲಿಲ್ಲ. ಕಾಶವ್ವನಿಗೆ ಆಕಾಶ ಬಿಟ್ಟರೆ ಏನೂ ಕಾಣುತ್ತಿರಲಿಲ್ಲ. “ಅಕ್ಕಾರ, ಚಂಪಿ ಎಲ್ಲಿ ಅದಾಳ್ರೀ? ನನಗ ಕಾಣವಲ್ದು” ಎಂದಳು.

“ಇಲ್ಲೇ ಎಡಕ್ಕ ಅದಾಳವಾ.”

“ನನ್ನ ಕಣ್ಣ ಮುಂದ ತರ್ರಿ.”

ನಾನು ಹುಡುಗಿಯ ಕಡೆ ಕೈ ಚಾಚುವ ಮೊದಲೇ ಅಡಿವೆಪ್ಪ ಅವಳನ್ನು ಎತ್ತಿದ. ಬಗಲಲ್ಲಿ ಕೈ ಕೊಟ್ಟು, ಎತ್ತರಕ್ಕೆ, ತಾಯಿಗೆ ಕಾಣುವ ಹಾಗೆ ಗಾಡಿಯ ಮೇಲೆ ಹಿಡಿದ. ಜನ ಕಣ್ಣೊರೆಸಿಕೊಂಡರು. ಇಷ್ಟಾದರೂ ನೋಡು, ಎಂಥ ಮನಸ್ಸು ಎಂದು ನನ್ನ ಹಿಂದೆ ಯಾರೋ ಅಂದರು. ಚಂಪಿಯನ್ನೂ ಜೊತೆಗೆ ಕಳಿಸಿರಿ ಎಂದು ನಾನು ಕೇಳಿದ್ದಕ್ಕೆ ಗೌಡರು, ಹುಡುಗಿಯ ಹೆಸರಿನ ಮೇಲೆ ನಂಬರಿಲ್ಲವಲ್ಲ ಎಂದರು. ಗಾಡಿಯ ಮುಂದಿದ್ದವರು ಹಲಗೆ ಬಾರಿಸತೊಡಗಿದರು. ಆ ಸದ್ದಿನಲ್ಲಿ ತಾಯಿ ಮಗಳಿಗೆ ಏನು ಹೇಳಿದಳೋ ನನಗೆ ಕೇಳಿಸಲಿಲ್ಲ.

ಹೋದ ಮೇಲೆ ಒಂದು ಸಮಾಧಾನದ ಸುದ್ದಿ ಬಂತು. ಕಾಶವ್ವ ಸಾಯಲಿಲ್ಲ. ಹಳ್ಳದಾಚೆ ಕುರಿ ಮೇಯಿಸುವವರು ಹಾಲು ಕುಡಿಸಿ, ಮರಳಿನ ಚೀಲ ಸರಿಯದಂತೆ ಕಾದು ಉಳಿಸಿಕೊಂಡರಂತೆ. ಅಲ್ಲಿ ಬಿದ್ದಿರುವ ನಮ್ಮೂರಿನ ಮಂಚ, ಮಾಳಿಗೆಯ ತೊಲೆಗಳನ್ನೆಲ್ಲ ಕೂಡಿಸಿ ಒಂದು ಗುಡಿಸಲು ಹಾಕಿಕೊಟ್ಟಿದ್ದಾರಂತೆ. ಗಾಡಿಯವರು ಮತ್ಯಾರದೋ ನಿಚ್ಚಣಿಕೆ ಇಳಿಸಲು ಹೋದಾಗ ಕಂಡು ಬಂದು ಹೇಳಿದರು. ಊರಿನಲ್ಲಿ ಅಡಿವೆಪ್ಪನ ಮನೆಗೂ ಒಳ್ಳೆಯ ದಿನ ಬಂದವು. ತಪ್ಪು ಹೊರಗೆ ಹೋಯಿತಲ್ಲ ಎಂದು ಜನ ತಾವೇ ಮುಂದೆ ಬಂದು ಅವನಿಗೆ ಮಂಚ ಕೊಟ್ಟರು, ಬೀಸುವ ಕಲ್ಲು ಕೊಟ್ಟರು. ಬಡಿಗೇರ ಓಣಿಯವರು ಸಾಗವಾನಿ ಹೊಸ್ತಿಲು ಮಾಡಿ ಕೂರಿಸಿದರು.

ಚಂಪಿ ಶಾಲೆ ಬಿಟ್ಟಳು. ರೊಟ್ಟಿ ಬಡಿಯುವವರು ಬೇಕಲ್ಲ. ಒಂದು ದಿನ ಶ್ರಾವಣದ ಬಿಸಿಲು ಮಳೆಯಲ್ಲಿ, ತಲೆಗೆ ಗೋಣಿತಾಟು ಹಾಕಿಕೊಂಡು ನನ್ನ ಕೋಣೆಗೆ ಬಂದಳು. ಮೊಣಕೈ ಮೇಲೆ ಸುಟ್ಟ ಗಾಯ ಇತ್ತು. ನೋಡಲು ಹೋದರೆ ಸೆರಗು ಎಳೆದುಕೊಳ್ಳುವ ದೊಡ್ಡ ಹೆಂಗಸಿನಂತೆ ಫ್ರಾಕಿನ ತೋಳು ಎಳೆದುಕೊಂಡಳು.

“ಅಕ್ಕಾರ, ಒಂದ ಕೇಳ್ಲಿ?”

“ಕೇಳವಾ.”

“ನನ್ನ ಕುತ್ತಿಗಿ ಮುರದರ ನೀವು ಅವ್ವಗ ಬರದಿದ್ರಲ್ಲ, ಆ ನಂಬರ ಬರೀತೀರೇನ್ರೀ? ಬರದ್ರ ನನ್ನೂ ಗಾಡಿಯೊಳಗ ಅವ್ವನ ಕಡೆ ಒಯ್ತಾರಲ್ಲ?” ಎಂದು ಒಂದೇ ಉಸಿರಿನಲ್ಲಿ ಕೇಳಿದಳು. ಆಮೇಲೆ ದನಿ ತಗ್ಗಿಸಿ, “ಅಪ್ಪ ಈಗ ಬರೇ ಕೈಗೆ, ಬೆನ್ನಿಗೆ ಬಡೀತಾನ್ರೀ. ಕುತ್ತಿಗಿಗೆ ಕೈ ಹಾಕೂದಿಲ್ಲ. ಏನ ಮಾಡಿದ್ರ ಹಾಕತಾನ ಅಂತ ನೋಡಾಕತ್ತೇನಿ. ನಿನ್ನೆ ಗಡಿಯಾರ ಕೆಡವಿದೆ, ಆದ್ರೂ ಹಾಕಲಿಲ್ಲ” ಎಂದಳು.

ನಾನು ಎಷ್ಟೋ ಮುರಿದ ಕುತ್ತಿಗೆ ನೋಡಿದ್ದೇನೆ, ಎಂದೂ ಅತ್ತವಳಲ್ಲ. ಅವತ್ತು ಕೂಸನ್ನು ಅಪ್ಪಿಕೊಂಡು ಅತ್ತುಬಿಟ್ಟೆ. ಆಮೇಲೆ ಮುಖ ತೊಳೆದುಕೊಂಡು ಅವಳನ್ನು ಎಕ್ಸ್‌ರೇ ಕೋಣೆಗೆ ಕರೆದುಕೊಂಡು ಹೋದೆ. ಡಾಕ್ಟರು ಫಿಲ್ಮನ್ನು ಬೆಳಕಿಗೆ ಹಿಡಿದರು. ಏಳೂ ಮೂಳೆ ಒಂದರ ಮೇಲೊಂದು ಚೆನ್ನಾಗಿ ಕೂತಿದ್ದವು, ಒಂದು ಗೀರು ಇರಲಿಲ್ಲ. ನಾನು ಪೆನ್ನು ತೆಗೆದು ಅವರ ಮುಖವನ್ನೇ ನೋಡುತ್ತ ನಿಂತೆ. ಅವರು ಎಂದಿನಂತೆ ಕಿಟಕಿಯ ಕಡೆ ತಿರುಗಿದರು. ಅಲ್ಲಿಂದಲೇ, “ಏಳನೇ ಮೂಳಿ. ಬಿರುಕು. ಸರದಿಲ್ಲ” ಎಂದರು. ಬಾಲವನ್ನು ನಾನು ಬರೆದೆ, ತಾಯಿಗೆ ಬರೆದದ್ದನ್ನೇ.

ದೈವ ಮತ್ತೆ ಕೂಡಿತು. ಅಡಿವೆಪ್ಪ ಮೊದಲ ಸಲ ದನಿ ಏರಿಸಿದ್ದು ಅವತ್ತೇ. “ಸುಳ್ಳು! ನಾ ಆಕಿ ಕುತ್ತಿಗಿ ಮುಟ್ಟೇ ಇಲ್ಲ!” ಎಂದು ಕೂಗಿದ. ಅವನು ಹೇಳಿದ್ದು ನಿಜವಾಗಿತ್ತು. ಯಾರೂ ನಂಬಲಿಲ್ಲ, ನಂಬಬೇಕಾದ ಅಗತ್ಯವೂ ಅವರಿಗೆ ಇರಲಿಲ್ಲ. ಗೌಡರು ಮೂರು ಸಲ ಕೆಮ್ಮಿ, “ತಾಯಿ ಗುಣ ಮಗಳಿಗೆ ಬಂದೈತಿ. ಇದನ್ನೂ ಒಯ್ದರ ನಿನ್ನ ಮನಿ ಪೂರಾ ಚೊಕ್ಕ ಆಗತೈತಿ ಬಿಡಪಾ” ಎಂದರು. ಚಂಪಿ ಗಾಡಿಯ ಮೇಲೆ ಬಿಗಿಯಾಗಿ ಪಟ್ಟಿ ಕಟ್ಟಿಸಿಕೊಂಡು ಕೂತಿದ್ದಳು. ತಿರುಗಬೇಡ ಎಂದು ನಾನು ಹೇಳಿದ್ದೆ, ಒಮ್ಮೆಯೂ ತಿರುಗಲಿಲ್ಲ, ನನ್ನ ಕಡೆಗೂ ನೋಡಲಿಲ್ಲ. ಸಂಜೆ ಗಾಡಿಯವರು ಬಂದು ತಲೆ ಕೆರೆದುಕೊಂಡರು. “ಹಳ್ಳ ದಾಟಿದ್ದ ತಡ, ಪಟ್ಟಿ ಬಿಚ್ಚಿ ಒಗದು ಓಡಿದಳ್ರೀ ಅಕ್ಕಾರ. ಕುತ್ತಿಗಿ ಮುರದಾಕಿ ಹಂಗ ಓಡತಾಳೇನ್ರೀ?” ಎಂದರು. ಎಳೇ ಮೂಳೆ, ಬೇಗ ಕೂಡುತ್ತದೆ ಎಂದೆ.

ಆ ದಿನ ನಾನು ಮನೆಗೆ ಹೋಗಿ ಹೊಟ್ಟೆ ತುಂಬ ಉಂಡು ಮಲಗಿದೆ. ಗೆದ್ದೆ ಎಂದುಕೊಂಡಿದ್ದೆ.

ದೀಪಾವಳಿ ಕಳೆದ ಮೇಲೆ ನೇಕಾರರ ಓಣಿಯ ಗುರುಬಸವ್ವ ಎಂಬಾಕೆ ನನ್ನನ್ನು ಹುಡುಕಿಕೊಂಡು ಬಂದಳು. ಕೂತು, ಎಲೆ ಅಡಿಕೆ ಹಾಕಿಕೊಂಡು, “ಮಗಳನ್ನ ಅಡಿವೆಪ್ಪಗ ಕೊಡಬೇಕಂತ ಮಾಡೇವ್ರೀ. ನಿಮಗ ಆ ಮನೀದು ಎಲ್ಲಾ ಗೊತ್ತಿರತೈತಿ. ಒಂದ ಮಾತ ಕೇಳಿ ಮುಂದುವರೀಬೇಕಂತ ಬಂದೆ” ಎಂದಳು.

ನಾನು ಸುತ್ತಿಬಳಸಲಿಲ್ಲ. “ಕೊಡಬ್ಯಾಡ್ರಿ. ಕಾಶವ್ವ ಯಾವ ಮರದಿಂದನೂ ಬಿದ್ದಿಲ್ಲ, ಯಾವ ಮಂಚದಿಂದನೂ ಬಿದ್ದಿಲ್ಲ. ಪ್ರತಿ ಸಲ ಅವನ ಕೈ. ಕಡೀ ಸಲ ಕೊಂದ ಬಿಡತಿದ್ದ. ನಾ ಕಣ್ಣಾರೆ ಬೆರಳು ನೋಡೇನಿ” ಎಂದೆ. ಕಲೆ ಎಲ್ಲಿ ಎಲ್ಲಿ ಇದ್ದವೆಂದು ನನ್ನ ಕುತ್ತಿಗೆಯ ಮೇಲೆ ಕೈ ಇಟ್ಟು ತೋರಿಸಿದೆ.

ಗುರುಬಸವ್ವ ಎಲ್ಲವನ್ನೂ ಕೇಳಿದಳು. ಸುಳ್ಳು ಅನ್ನಲಿಲ್ಲ. ಅವಳ ಕಣ್ಣಲ್ಲಿ ನೀರು ಕೂಡ ಬಂತು. “ಖರೇ ಇರತೈತ್ರೀ, ಇಲ್ಲ ಅನ್ನೂದಿಲ್ಲ” ಎಂದು ಕಣ್ಣೊರೆಸಿಕೊಂಡು ಎದ್ದಳು. “ಆದ್ರ ಈಗ ಗಾಡಿ ತಾಯಿ ಮಗಳಿಬ್ಬರನ್ನೂ ಒಯ್ದೇತಲ್ರೀ ಅಕ್ಕಾರ. ತಪ್ಪು ಇದ್ದದ್ದೆಲ್ಲಾ ಹಳ್ಳ ದಾಟೇತಿ. ಅಷ್ಟ ಚೊಕ್ಕ ಆದ ಮನಿ ಈ ಊರಾಗ ಇನ್ನೊಂದ ಎಲ್ಲೈತಿ, ನೀವ ಹೇಳ್ರಿ? ಮದುವಿಗೆ ಮಾತ್ರ ತಪ್ಪಸಬ್ಯಾಡ್ರಿ.”

ಅವಳ ಮಗಳು ಬಾಗಿಲಾಚೆ ಗೋಡೆಗೆ ಒರಗಿ ನಿಂತಿದ್ದಳು. ಹದಿನೆಂಟು ದಾಟಿದ್ದರೆ ಹೆಚ್ಚು. ನಾನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡಿದ್ದಳು, ನಾನು ತೋರಿಸಿದ ಜಾಗದಲ್ಲೇ ಅವಳ ಕೈಯೂ ಇತ್ತು. “ನಡೀ ನಮ್ಮವ್ವಾ, ಹೊತ್ತಾತು” ಎಂದಳು ತಾಯಿ. ಹುಡುಗಿ ಕೈ ಕೆಳಗಿಳಿಸಿ, ಗೋಣು ಬಗ್ಗಿಸಿಕೊಂಡು ತಾಯಿಯ ಹಿಂದೆ ಹೋದಳು.